ಬೂದಿಯಲ್ಲಿ ಚಿತ್ರ, ಬೂದಿಯಲ್ಲೇ ಸಿನಿಮಾ

ಬೂದಿ ಹಿಡಿದು ಏನಾದರೂ ಮಾಡಬೇಕು ಅಂತ ಯಾರಾದರೂ ಬಂದರೆ ನಾನು ಮೊದಲು ಕೇಳೋದು, ಯಾವ ಬೂದಿ ಅಂತ. ಎಲ್ಲ ಬೂದಿ ಒಂದೇ ಅಲ್ಲ. ಸೌದೆ ಬೂದಿ ತರಿತರಿಯಾಗಿರುತ್ತದೆ, ಅದರಲ್ಲಿ ಇದ್ದಿಲ ಚೂರು ಜಾಸ್ತಿ. ಕುಳ್ಳಿನ, ಅಂದರೆ ಬೆರಣಿಯ ಬೂದಿ ಮೆತ್ತಗೆ, ಹಗುರ. ಥರ್ಮಲ್ ಸ್ಥಾವರದ ಹಾರುಬೂದಿ ಎಷ್ಟು ನುಣುಪು ಅಂದರೆ ಬೆರಳ ಸಂದಿಯಲ್ಲಿ ನಿಲ್ಲೋದೇ ಇಲ್ಲ.

ನಾನು ಬಳ್ಳಾರಿಯವಳು, ಓದಿದ್ದು ಚಿತ್ರಕಲೆ. ಈಗ ಮಾಡುವ ಕೆಲಸದಲ್ಲಿ ಚಿತ್ರ ಇದೆ, ಜನರ ಮುಂದೆ ನಾನೇ ನಿಂತು ಮಾಡುವ ಪರ್ಫಾರ್ಮೆನ್ಸ್ ಇದೆ, ಒಂದು ಚಿಕ್ಕ ಸಿನಿಮಾನೂ ಇದೆ. ಮೂರನ್ನೂ ಬೆರೆಸಬೇಕು ಅಂತ ಹಟ ಹಿಡಿದು ಕೂತಿರಲಿಲ್ಲ. ಬೂದಿ ಅನ್ನುವ ಒಂದೇ ವಸ್ತುವನ್ನು ಹಿಡಿದುಕೊಂಡೆ, ಗಾಜಿನ ಮೇಲೆ ಹರಡಿದಾಗ ಅದು ಚಿತ್ರ ಆಯ್ತು, ಮೈಗೆ ಹಚ್ಚಿದಾಗ ವೇಷ ಆಯ್ತು, ಪ್ರೊಜೆಕ್ಟರಿನ ಬೆಳಕಿಗೆ ತೂರಿದಾಗ ಪರದೆ ಆಯ್ತು. ಈ ಕೆಲಸ ಹೇಗೆ ಮಾಡಿದೆ ಅಂತ ಕೇಳುವವರು ಬಹಳ ಜನ ಇದ್ದಾರೆ, ಅದಕ್ಕೇ ವಿವರವಾಗಿ ಬರೆಯುತ್ತಿದ್ದೇನೆ.

ಬೂದಿ ಯಾಕೆ ಅಂದರೆ, ಕುಡತಿನಿ. ಬಳ್ಳಾರಿಯಿಂದ ಹೊಸಪೇಟೆ ಕಡೆ ಹೋಗುವ ಹೆದ್ದಾರಿಯಲ್ಲಿ ಬರುವ ಊರು. ಅಲ್ಲಿ ಬಳ್ಳಾರಿ ಥರ್ಮಲ್ ವಿದ್ಯುತ್ ಕೇಂದ್ರ ಇದೆ, ಮೂರು ಘಟಕ ಸೇರಿ 1700 ಮೆಗಾವ್ಯಾಟ್. ಅಷ್ಟು ಕಲ್ಲಿದ್ದಲು ಉರಿದ ಮೇಲೆ ಬೂದಿ ಎಲ್ಲಾದರೂ ಬೀಳಲೇಬೇಕಲ್ವಾ. ಅದೇ ಕುಡತಿನಿಯಲ್ಲಿ ಇನ್ನೊಂದು ಬೂದಿ ಇದೆ, ನವಶಿಲಾಯುಗದ್ದು. ಕ್ರಿ.ಪೂ. 3000ದಿಂದ 1200ರ ನಡುವಿನ ಕಾಲದಲ್ಲಿ ಈ ಸೀಮೆಯಲ್ಲಿ ದನ ಸಾಕಿಕೊಂಡಿದ್ದ ಜನ ಸಗಣಿ ಗುಡ್ಡೆ ಹಾಕಿ ಸುಟ್ಟರು, ಅದರ ಮೇಲೆ ಮತ್ತೆ ಗುಡ್ಡೆ ಹಾಕಿ ಮತ್ತೆ ಸುಟ್ಟರು, ಹಾಗೇ ಬೆಳೆದ ದಿಬ್ಬ ಅದು. ನಮ್ಮ ಬಳ್ಳಾರಿ ಮತ್ತು ಅಕ್ಕಪಕ್ಕದ ಜಿಲ್ಲೆಗಳಲ್ಲಿ ಇಂಥ ಬೂದಿದಿಬ್ಬಗಳು ಇವೆ. ಹಂಪಿ ಹತ್ತಿರದ ನಿಂಬಾಪುರದ ದಿಬ್ಬವನ್ನು ಜನ ವಾಲಿಯನ್ನು ಸುಟ್ಟ ಬೂದಿ ಅಂತಲೇ ತೋರಿಸುತ್ತಾರೆ. ಇದು ಸಗಣಿ ಸುಟ್ಟ ಬೂದಿ ಅಂತ ಭೂವಿಜ್ಞಾನಿ ರಾಬರ್ಟ್ ಬ್ರೂಸ್ ಫೂಟ್ 19ನೇ ಶತಮಾನದಲ್ಲೇ ಹೇಳಿದ್ದರು. ಅವರ ಹೆಸರಿನ ಪುರಾತತ್ವ ಮ್ಯೂಸಿಯಂ ಬಳ್ಳಾರಿಯಲ್ಲೇ ಇದೆ, ನೋಡದವರು ಒಮ್ಮೆ ಹೋಗಿ ಬನ್ನಿ. ಆಮೇಲೆ 1957ರಲ್ಲಿ ಪುರಾತತ್ವಜ್ಞ ಎಫ್. ಆರ್. ಆಲ್ಚಿನ್ ಅವರು, ಈಗ ತೆಲಂಗಾಣದಲ್ಲಿರುವ ಉತ್ನೂರಿನ ದಿಬ್ಬವನ್ನು ಅಗೆಸಿದಾಗ ಒಳಗಿನ ಪದರಗಳಲ್ಲಿ ದನದ ಗೊರಸಿನ ಗುರುತುಗಳು ಸಿಕ್ಕವು.

ನಾಲ್ಕು ಸಾವಿರ ವರ್ಷ ದಾಟಿದ ಬೂದಿಯಲ್ಲಿ ಒಂದು ಹಸುವಿನ ಹೆಜ್ಜೆ. ಆ ಸಂಗತಿ ಓದಿದ ಮೇಲೆ ನನಗೆ ಬೇರೆ ವಿಷಯ ಬೇಕು ಅನ್ನಿಸಲಿಲ್ಲ.

ದಿಬ್ಬದ ಬೂದಿಯನ್ನು ಮಾತ್ರ ಮುಟ್ಟಲಿಲ್ಲ. ಅದನ್ನು ಹೊಲಕ್ಕೆ ಗೊಬ್ಬರ ಅಂತ ಹೊತ್ತೊಯ್ದು ಎಷ್ಟೋ ದಿಬ್ಬಗಳು ಕರಗಿಹೋಗಿವೆ, ಕಲೆಯ ಹೆಸರಿನಲ್ಲಿ ನಾನೂ ಒಂದು ಬುಟ್ಟಿ ತುಂಬಿಕೊಳ್ಳೋದು ಸರಿಯಲ್ಲ. ಹಾರುಬೂದಿಯನ್ನೂ ಬಿಟ್ಟೆ, ಅದರಲ್ಲಿ ಸಿಲಿಕಾ ಇರುತ್ತದೆ, ಉಸಿರಿನ ಜೊತೆ ಒಳಗೆ ಹೋದರೆ ಶ್ವಾಸಕೋಶಕ್ಕೆ ಕೆಟ್ಟದ್ದು. ಜನರ ಮುಂದೆ ಗಾಳಿಗೆ ತೂರುವ ವಸ್ತು ಅದಾಗಬಾರದು. ಉಳಿದದ್ದು ಕುಳ್ಳು.

ಕುಳ್ಳು ಚೆನ್ನಾಗಿ ಒಣಗಿರಬೇಕು. ಗಾಳಿ ಬೀಸದ ಮೂಲೆಯಲ್ಲಿ ನಿಧಾನಕ್ಕೆ ಸುಡಬೇಕು, ಉರಿ ಎದ್ದರೆ ಮಧ್ಯದಲ್ಲಿ ಕಪ್ಪು ಉಳಿಯುತ್ತದೆ. ಪೂರ್ತಿ ಆರುವ ತನಕ ಕೈ ಹಾಕಬೇಡಿ, ಮೇಲೆ ತಣ್ಣಗೆ ಕಂಡರೂ ಒಳಗೆ ಮರುದಿನದವರೆಗೆ ಕೆಂಡ ಇರುತ್ತದೆ. ಆಮೇಲೆ ಹಿಟ್ಟಿನ ಜರಡಿಯಲ್ಲಿ ಒಮ್ಮೆ ಹಿಡಿದು, ಅದನ್ನೇ ಮತ್ತೆ ವಸ್ತ್ರಗಾಳಿತ ಮಾಡಿಕೊಳ್ಳುತ್ತೇನೆ. ಜರಡಿಯ ಮೇಲೆ ಉಳಿದದ್ದು ನೆಲಕ್ಕೆ, ಜರಡಿಯಿಂದ ಇಳಿದದ್ದು ಗಾಜಿಗೆ, ಬಟ್ಟೆಯಿಂದ ಇಳಿದದ್ದು ಬೆಳಕಿಗೆ. ಇಷ್ಟು ಮಾಡುವಾಗ ಮಾಸ್ಕ್ ಹಾಕಲೇಬೇಕು. ಮೈಗೆ ಹಚ್ಚುವ ಬೂದಿಯದು ಬೇರೆ ಲೆಕ್ಕ. ಬೂದಿ ಕ್ಷಾರ, ನೀರು ತಾಗಿದರೆ ಚರ್ಮ ಉರಿಯುತ್ತದೆ. ಹಿಂದೆ ಬೂದಿ ನೀರಿನಲ್ಲೇ ಬಟ್ಟೆ ಒಗೀತಿದ್ರಲ್ಲ, ಅದೇ ಕಾರಣಕ್ಕೆ. ಬಕೆಟ್ಟಿನಲ್ಲಿ ನೆನೆಹಾಕಿ, ತಳಕ್ಕೆ ಕೂತ ಮೇಲೆ ಮೇಲಿನ ನೀರು ಚೆಲ್ಲಿ, ಮತ್ತೆ ಹೊಸ ನೀರು ಹಾಕಿ, ಹೀಗೆ ನೀರು ಬೆರಳಿಗೆ ಜಾರುವುದು ನಿಲ್ಲುವ ತನಕ ತೊಳೆದು ಒಣಗಿಸಿ ಇಟ್ಟುಕೊಳ್ಳುತ್ತೇನೆ.

ಈಗ ಸಿನಿಮಾ. ಮರಳಿನಲ್ಲಿ ಆನಿಮೇಶನ್ ಮಾಡುವ ದಾರಿಯನ್ನು 1960ರ ದಶಕದ ಕೊನೆಯಲ್ಲಿ ಅಮೆರಿಕದ ಕ್ಯಾರೊಲಿನ್ ಲೀಫ್ ಹಾಕಿಕೊಟ್ಟರು. ಗಾಜಿನ ಮೇಲೆ ಮರಳು, ಕೆಳಗಿನಿಂದ ಬೆಳಕು, ಮೇಲಿನಿಂದ ಕ್ಯಾಮೆರಾ. ಚಿತ್ರ ಬಿಡಿಸಿ ಒಂದು ಫ್ರೇಮ್ ತೆಗೆಯೋದು, ಚೂರು ಸರಿಸಿ ಇನ್ನೊಂದು ಫ್ರೇಮ್. ನಾನು ಮರಳಿನ ಜಾಗದಲ್ಲಿ ಬೂದಿ ಇಟ್ಟೆ. ಬೂದಿಯ ಗುಣ ಗೊತ್ತಾಗಿದ್ದೇ ಆಗ. ಮರಳು ಬೆಳಕನ್ನು ಹೆಚ್ಚುಕಡಿಮೆ ಪೂರ್ತಿ ತಡೆಯುತ್ತದೆ, ಇದ್ದ ಕಡೆ ಕಪ್ಪು, ಇಲ್ಲದ ಕಡೆ ಬಿಳಿ. ಜರಡಿ ಹಿಡಿದ ಬೂದಿಯನ್ನು ಬೆರಳ ತುದಿಯಲ್ಲಿ ಸವರಿದರೆ ಅದು ಗಾಜಿಗೆ ತೆಳ್ಳಗೆ ಅಂಟಿಕೊಂಡು ಬೆಳಕನ್ನು ಸ್ವಲ್ಪ ಬಿಡುತ್ತದೆ, ಇನ್ನೊಮ್ಮೆ ಸವರಿದರೆ ಇನ್ನೂ ಸ್ವಲ್ಪ, ಹೀಗೆ ಕಪ್ಪಿನಿಂದ ಬಿಳಿಯವರೆಗೆ ಎಷ್ಟು ಮೆಟ್ಟಿಲು ಬೇಕೋ ಅಷ್ಟೂ ಸಿಗುತ್ತವೆ. ಅಳಿಸಿದ ಗೆರೆಯ ಮಸುಕು ಹಿಂದೆ ಉಳಿಯುತ್ತದೆ. ದಕ್ಷಿಣ ಆಫ್ರಿಕಾದ ವಿಲಿಯಂ ಕೆಂಟ್ರಿಜ್ ಇದ್ದಿಲಿನಲ್ಲಿ ಇದೇ ತರ ಕೆಲಸ ಮಾಡುತ್ತಾರೆ, ಒಂದೇ ಹಾಳೆಯ ಮೇಲೆ ಬಿಡಿಸಿ, ಅಳಿಸಿ, ಮತ್ತೆ ಬಿಡಿಸಿ, ಪ್ರತಿ ಹಂತವನ್ನೂ ಕ್ಯಾಮೆರಾಗೆ ಹಿಡಿಯುತ್ತಾರೆ, ಅಳಿಸಿದ್ದರ ಗುರುತನ್ನು ಬೇಕಂತಲೇ ಬಿಡುತ್ತಾರೆ. ನನ್ನ ಸಿನಿಮಾದಲ್ಲಿ ಬೂದಿಯ ದನ ನಡೆದು ಹೋದ ಮೇಲೂ ಹಿಂದೆ ಒಂದು ಮಸುಕು ದನ ನಿಂತಿರುತ್ತದೆ. ಅದು ನನಗೆ ಬೇಕಿತ್ತು.

ಸಲಕರಣೆ ಏನೂ ದೊಡ್ಡದಲ್ಲ. ಹಳೇ ಕಿಟಕಿಯ ಗಾಜು, ಕೆಳಗೆ ಬಟರ್ ಪೇಪರ್, ಅದರ ಕೆಳಗೆ ಎಲ್‌ಇಡಿ ಬಲ್ಬು, ಮೇಲೆ ಸ್ಟ್ಯಾಂಡಿಗೆ ಕಟ್ಟಿದ ಫೋನು. ಫೋನಿನಲ್ಲಿ ಫೋಕಸ್, ಐಎಸ್‌ಒ, ವೈಟ್ ಬ್ಯಾಲೆನ್ಸ್ ಮೂರನ್ನೂ ಲಾಕ್ ಮಾಡಿ, ಇಲ್ಲದಿದ್ದರೆ ಪ್ರತಿ ಫ್ರೇಮಿಗೂ ಬೆಳಕು ಏರಿಳಿಯುತ್ತದೆ. ನಮ್ಮ ಕರೆಂಟು 50 ಹರ್ಟ್ಜ್, ಶಟರ್ ಸೆಕೆಂಡಿನ 1/50ಕ್ಕೆ ಇಟ್ಟರೆ ಬಲ್ಬಿನ ಪಟ್ಟೆ ಬರಲ್ಲ. ಫೋನನ್ನು ಕೈಯಿಂದ ಮುಟ್ಟದೆ ಇಯರ್‌ಫೋನಿನ ಬಟನ್ನಿನಿಂದ ಕ್ಲಿಕ್ ಮಾಡಿ. ಸೆಕೆಂಡಿಗೆ 12 ಚಿತ್ರ ಸಾಕು, ಅಂದರೆ ಒಂದು ನಿಮಿಷಕ್ಕೆ 720. ಕಷ್ಟ ಇರೋದು ಬೇರೆ ಕಡೆ. ಬಳ್ಳಾರಿಯ ಏಪ್ರಿಲ್ ತಿಂಗಳು, ಫ್ಯಾನ್ ಹಾಕುವ ಹಾಗಿಲ್ಲ, ಕಿಟಕಿ ತೆರೆಯುವ ಹಾಗಿಲ್ಲ, ಬೂದಿಯ ಮೇಲೆ ಬಗ್ಗಿದಾಗ ಜೋರಾಗಿ ಉಸಿರು ಬಿಡುವ ಹಾಗೂ ಇಲ್ಲ, ಹಣೆಯ ಬೆವರು ಒಂದು ಹನಿ ಗಾಜಿನ ಮೇಲೆ ಬಿದ್ದರೆ ಅಲ್ಲಿ ಬೂದಿ ಮುದ್ದೆಯಾಗಿ ಕೂರುತ್ತದೆ. ತಲೆಗೆ ಟವೆಲ್ ಬಿಗಿದುಕೊಂಡು ರಾತ್ರಿ ಹನ್ನೊಂದರ ಮೇಲೆ ಕೂರುತ್ತಿದ್ದೆ.

ದನದ ಆಕಾರ ಎಲ್ಲಿಂದ ಬಂತು ಅಂದರೆ ಕಪ್ಗಲ್ಲಿನ ಗುಡ್ಡದಿಂದ. ಸಂಗನಕಲ್ಲು, ಕಪ್ಗಲ್ಲು ಬಳ್ಳಾರಿಗೆ ಹೊಂದಿಕೊಂಡೇ ಇವೆ. ಅಲ್ಲಿ ಕರಿಕಲ್ಲಿನ ಬಂಡೆಗಳ ಮೇಲೆ ಕಲ್ಲಿನಿಂದಲೇ ಕುಟ್ಟಿ ಕುಟ್ಟಿ ಮಾಡಿದ ದನಗಳಿವೆ, ಡುಬ್ಬ ಎತ್ತರ, ಕೊಂಬು ಉದ್ದ. ಮೈ ಚಿಕ್ಕದು, ಕೊಂಬು ದೊಡ್ಡದು. ಅದನ್ನು ಬಿಡಿಸಿದವನಿಗೆ ಕೊಂಬಿನ ಮೇಲೆ ಎಷ್ಟು ಪ್ರೀತಿ ಇತ್ತು ಅಂತ ನೋಡಿದರೇ ತಿಳಿಯುತ್ತದೆ. ನಾನು ಆ ಅಳತೆಯನ್ನೇ ಇಟ್ಟುಕೊಂಡೆ. ಅಲ್ಲೇ ಬಾರಿಸಿದರೆ ಗಂಟೆಯ ಹಾಗೆ ದನಿ ಬರುವ ಬಂಡೆಗಳೂ ಇವೆ, ಹೊಡೆದು ಹೊಡೆದು ಅವುಗಳ ಮೇಲೆ ನುಣ್ಣನೆ ಗುಳಿ ಬಿದ್ದಿವೆ. ಪುರಾತತ್ವಜ್ಞೆ ನಿಕೋಲ್ ಬೋಯ್ವಿನ್ 2004ರಲ್ಲಿ ಇದರ ಬಗ್ಗೆ ಬರೆದ ಮೇಲೆ ಹೊರಗಿನವರಿಗೂ ಗೊತ್ತಾಯ್ತು. ದಯವಿಟ್ಟು ಹೋಗಿ ಆ ಬಂಡೆ ಬಾರಿಸಬೇಡಿ. ಕಲ್ಲುಗಣಿಯ ಕಾಟವೇ ಆ ಗುಡ್ಡಕ್ಕೆ ಸಾಕಾಗಿದೆ. ನನಗೆ ಆ ದನಿ ಬೇಕಿತ್ತು, ಕಲ್ಲು ಕಟಿಂಗ್ ಮಾಡುವ ಕಡೆ ಬಿಸಾಡಿದ್ದ ಕರಿಕಲ್ಲಿನ ಒಂದು ಉದ್ದ ಪಟ್ಟಿ ತಂದೆ. ಸುಮ್ನೆ ನೆಲದ ಮೇಲಿಟ್ಟು ಹೊಡೆದರೆ ಟಪ್ ಅಂತದೆ, ಅಷ್ಟೇ. ಎರಡೂ ತುದಿಯಿಂದ, ಪಟ್ಟಿಯ ಉದ್ದದ ಐದನೇ ಒಂದು ಭಾಗಕ್ಕಿಂತ ಚೂರು ಜಾಸ್ತಿ ಒಳಗೆ, ಹಗ್ಗದ ಸುರುಳಿಯ ಮೇಲೆ ಕೂರಿಸಿ ಮಧ್ಯದಲ್ಲಿ ಹೊಡೆದರೆ ದನಿ ಬಿಚ್ಚಿಕೊಳ್ಳುತ್ತದೆ. ಸಿನಿಮಾಗೆ ಬೇರೆ ಸಂಗೀತ ಇಲ್ಲ, ಪ್ರತಿ ಸಲವೂ ಅದನ್ನು ಜನರ ಮುಂದೆಯೇ ಬಾರಿಸುತ್ತೇವೆ.

ಮೈಗೆ ಬೂದಿ ಹಚ್ಚುವ ವಿಚಾರಕ್ಕೆ ನಾನು ಬಹಳ ಯೋಚನೆ ಮಾಡಿದೆ. ನಮ್ಮ ಕಡೆ ಅದು ಸಣ್ಣ ಮಾತಲ್ಲ. ಹಣೆಯ ಮೇಲಿನ ವಿಭೂತಿಯೂ ಬೂದಿ, ಸುಡುಗಾಡಿನದೂ ಬೂದಿ. ನೋಡುವವರು ಎರಡರಲ್ಲಿ ಒಂದನ್ನು ತಕ್ಷಣ ಹಿಡಿದುಬಿಡುತ್ತಾರೆ. ಹಗಲುವೇಷ ಹಾಕುವ ಹಿರಿಯರೊಬ್ಬರ ಹತ್ತಿರ ಹೋಗಿ ಕೂತು ಕೇಳಿದೆ. ಅವರಿಗೆ ಸ್ಟೇಜ್ ಇಲ್ಲ, ಲೈಟ್ ಇಲ್ಲ, ಹಾಡುಹಗಲು ಓಣಿಯಲ್ಲಿ ಮನೆಮನೆ ಮುಂದೆ ವೇಷ ಹಾಕಿಕೊಂಡು ನಿಲ್ಲುವವರು. ಪರ್ಫಾರ್ಮೆನ್ಸ್ ಬಗ್ಗೆ ಅವರಿಗಿಂತ ಚೆನ್ನಾಗಿ ಯಾರು ಹೇಳಬಲ್ಲರು?

"ತಂಗಿ, ವೇಷ ಹಾಕಿದ ಮ್ಯಾಲ ನಿನ್ನ ಮಾರಿ ನೋಡಿದ್ರ ಸಾಕು, ನೀ ಯಾರಂತ ಜನಕ್ಕ ತಿಳೀಬೇಕು. ಮೊದ್ಲ ಅದನ್ನ ನೀನ ಗಟ್ಟಿ ಮಾಡ್ಕ್ಯ" ಅಂದರು.

"ಕುಳ್ಳು ತಟ್ಟಾಕಿ ರೀ, ಕಾಕಾ" ಅಂದೆ. ಬಾಯಿಗೆ ಬಂದದ್ದನ್ನು ಹೇಳಿದ್ದು, ಆದರೆ ಅದೇ ನಿಂತಿತು.

"ಹಂಗಾದ್ರ ಕೈಗಿ ಕಾಲಿಗಿ ಹಚ್ಕ್ಯ. ಮಾರಿಗಿ ಯಾಕ ಬೇಕು?"

ಹೀಗಾಗಿ ಮೊಣಕೈ ತನಕ, ಮೊಣಕಾಲಿನ ತನಕ ಮಾತ್ರ. ಹಣೆಗೆ ಇಲ್ಲ, ಎದೆಗೆ ಇಲ್ಲ. ನೀರಿನಲ್ಲಿ ಕಲಸಿ ಹಚ್ಚಿದರೆ ಒಣಗುತ್ತಾ ಬಿರುಕು ಬಿಟ್ಟು, ನಡೆದ ಹಾಗೆ ಉದುರುತ್ತಾ ಹೋಗುತ್ತದೆ. ಎಣ್ಣೆ ಹಾಕಿದರೆ ಅಂಟಿಕೊಂಡು ಕಪ್ಪಾಗುತ್ತದೆ. ನನಗೆ ಉದುರುವುದೇ ಬೇಕಿತ್ತು. ಸೀರೆ ಮಾಮೂಲಿ ಕಾಟನ್, ಎತ್ತಿ ಕಟ್ಟಿದ್ದು.

ಪ್ರದರ್ಶನದ ಜಾಗ, ಸಂಬಂಧಿಕರ ಊರಿನ ಒಂದು ಕಣ. ಸಂಜೆ ಬೆಳಕಿರುವಾಗಲೇ ಶುರು ಮಾಡುತ್ತೇನೆ, ಘೋಷಣೆ ಗೀಷಣೆ ಏನೂ ಇಲ್ಲ, ಕೂತು ಕುಳ್ಳು ತಟ್ಟೋದು. ನೋಡುವವರು ಬಂದು ಸೇರುತ್ತಾರೆ, ಕೆಲವರು ಪಕ್ಕದಲ್ಲಿ ಕೂತು ತಾವೂ ನಾಲ್ಕು ತಟ್ಟುತ್ತಾರೆ. ಕತ್ತಲಾಗುವ ಹೊತ್ತಿಗೆ ನೆಲದ ಮೇಲೆ ತರಿ ಬೂದಿಯನ್ನು ಉದ್ದಕ್ಕೆ ಹಾಸುತ್ತೇನೆ, ಅದರ ಮೇಲೆ ಪಕ್ಕದ ಮನೆಯ ಆಕಳನ್ನು ಹೊಡೆದುಕೊಂಡು ಹೋಗುತ್ತಾರೆ. ಹಿಂದೆ ನಾನು ಬರಿಗಾಲಲ್ಲಿ ನಡೆಯುತ್ತೇನೆ. ಆಮೇಲೆ ಒಂದು ತೆಳು ಪಂಚೆ ಬಟ್ಟೆಗೆ ಹುಣಸೆಬೀಜದ ಅಂಟು ಸವರಿ ಆ ಬೂದಿಯ ಮೇಲೆ ಹಾಸಿ, ಮೆಲ್ಲಗೆ ಒತ್ತಿ, ಎರಡು ಕಡೆ ಹಿಡಿದು ಎತ್ತುತ್ತೇವೆ. ಬೂದಿ ಎದ್ದಿರುವ ಕಡೆಯೆಲ್ಲ ಬಟ್ಟೆಗೆ ಹತ್ತಿಕೊಳ್ಳುತ್ತದೆ. ಗೊರಸು ಒತ್ತಿದ ತಗ್ಗು ಬಟ್ಟೆಗೆ ತಾಗೋದೇ ಇಲ್ಲ, ಅಲ್ಲಿ ಬಟ್ಟೆ ಬಿಳಿಯಾಗೇ ಉಳಿಯುತ್ತದೆ. ಅದನ್ನು ಎರಡು ಗಳಕ್ಕೆ ಕಟ್ಟಿ ಹಿಂದಿನಿಂದ ಬೆಳಕು ಬಿಟ್ಟಾಗ ಬಟ್ಟೆಯ ತುಂಬ ಮಬ್ಬು, ಅದರೊಳಗೆ ಆಕಳ ಹೆಜ್ಜೆಗಳು ಮಾತ್ರ ಬೆಳಗುತ್ತಿರುತ್ತವೆ, ಎರಡೆರಡು ಸೀಳು, ಪಕ್ಕದಲ್ಲಿ ನನ್ನ ಐದು ಬೆರಳು.

ಹುಣಸೆಬೀಜದ ಅಂಟು ನಾನು ಕಲಿತದ್ದು ಕೊಪ್ಪಳ ಜಿಲ್ಲೆಯ ಕಿನ್ನಾಳದ ಗೊಂಬೆ ಕೆಲಸ ನೋಡಿ. ಅಲ್ಲಿನ ಚಿತ್ರಗಾರರು ಮರದ ತುಂಡು ಜೋಡಿಸಲು ಹುಣಸೆಬೀಜ ನೆನೆಸಿ ರುಬ್ಬಿ ಅಂಟು ಮಾಡುತ್ತಾರೆ. ಬಟ್ಟೆಗೆ ಅದನ್ನು ಗಂಜಿಯಷ್ಟು ತೆಳು ಮಾಡಿಕೊಳ್ಳಬೇಕು, ಗಟ್ಟಿಯಾದರೆ ಬಟ್ಟೆ ಬೆಳಕನ್ನು ಬಿಡಲ್ಲ. ಫೆವಿಕಾಲ್ ಒಣಗಿ ಪ್ಲಾಸ್ಟಿಕ್ಕಿನ ಹಾಳೆ ಆಗುತ್ತದೆ, ಬೇಡ.

ಆ ಪರದೆಯ ಮೇಲೆ ಹಿಂದಿನಿಂದ ಸಿನಿಮಾ ಓಡುತ್ತದೆ. ಬೂದಿಯ ದನಗಳು ನಿಜವಾದ ಆಕಳ ಹೆಜ್ಜೆಗಳನ್ನು ದಾಟಿ ಹೋಗುತ್ತವೆ. ನಾನು ಪ್ರೊಜೆಕ್ಟರಿಗೂ ಬಟ್ಟೆಗೂ ನಡುವೆ ನಡೆಯುತ್ತೇನೆ. ಪ್ರೊಜೆಕ್ಟರ್ ಕಡೆ ಸರಿದಷ್ಟೂ ನೆರಳು ದೊಡ್ಡದಾಗಿ ದನಗಳು ಕಾಲ ಬುಡದಲ್ಲಿ ಓಡಾಡುತ್ತವೆ, ಬಟ್ಟೆಯ ಹತ್ತಿರ ಬಂದರೆ ನಾನೂ ಅವುಗಳ ಎತ್ತರ.

ಕೊನೆಗೆ ಬಟ್ಟೆ ಬಿಚ್ಚಿ ಪಕ್ಕಕ್ಕೆ ಇಡುತ್ತೇವೆ. ಪ್ರೊಜೆಕ್ಟರ್ ಆರಿಸುವುದಿಲ್ಲ. ಆ ಬೆಳಕು ಖಾಲಿ ಕತ್ತಲಿಗೆ ಹೋಗುತ್ತಿರುವಾಗ ವಸ್ತ್ರಗಾಳಿತ ಬೂದಿ ತುಂಬಿದ ಇನ್ನೊಂದು ಒಣ ಬಟ್ಟೆಯನ್ನು ಎತ್ತಿ ಕೊಡವುತ್ತೇನೆ. ಬೂದಿ ಮೋಡದ ಹಾಗೆ ಏಳುತ್ತದೆ, ಆ ಮೋಡದೊಳಗೆ ದನಗಳು ನಡೆಯುತ್ತವೆ, ಕೆಲವೇ ಕ್ಷಣ, ಆಮೇಲೆ ಬೂದಿ ಇಳಿಯುತ್ತದೆ, ದನಗಳೂ ಹೋಗುತ್ತವೆ.

ಬೆಳಕಿನ ಕೋಲನ್ನೇ ಕಲಾಕೃತಿ ಮಾಡಿದವರು ಆಂಥನಿ ಮೆಕಾಲ್, 1973ರಲ್ಲಿ. ಆಗ ಅವರ ಸಿನಿಮಾ ತೋರಿಸುತ್ತಿದ್ದ ಹಳೇ ಗೋದಾಮುಗಳಲ್ಲಿ ಧೂಳಿತ್ತು, ಜನ ಸಿಗರೇಟು ಸೇದುತ್ತಿದ್ದರು, ಪ್ರೊಜೆಕ್ಟರಿನ ಬೆಳಕು ಗಾಳಿಯಲ್ಲಿ ಗಟ್ಟಿಯಾಗಿ ಕಾಣುತ್ತಿತ್ತು. ಮುಂದೆ ಚೊಕ್ಕಟವಾದ ಮ್ಯೂಸಿಯಮ್ಮುಗಳಲ್ಲಿ ತೋರಿಸಿದಾಗ ಬೆಳಕು ಕಾಣಿಸಲೇ ಇಲ್ಲ, ಹೊಗೆ ಮಂಜಿನ ಮಶೀನು ಇಡಬೇಕಾಯ್ತು. ನಮಗೆ ಬಳ್ಳಾರಿಯಲ್ಲಿ ಧೂಳಿಗೆ ಬರವೇ ಇಲ್ಲ. ಆದರೆ ಧೂಳನ್ನು ಎಲ್ಲಿಂದ ನೋಡಬೇಕು ಅನ್ನೋದು ಗೊತ್ತಿರಬೇಕು. ಸಂಜೆ ದನ ಊರಿಗೆ ಬರುವಾಗ ಮುಳುಗುವ ಸೂರ್ಯನ ಕಡೆ ಮುಖ ಮಾಡಿ ನಿಂತರೆ ಧೂಳೆಲ್ಲ ಹೊಳೆಯುತ್ತದೆ, ಬೆನ್ನು ಮಾಡಿ ನಿಂತರೆ ಅದೇ ಧೂಳು ಮಂಕು. ಪ್ರೊಜೆಕ್ಟರ್ ಬೆಳಕೂ ಅಷ್ಟೇ. ಜನರನ್ನು ಬೆಳಕಿನ ಎದುರಿಗೆ ಕೂರಿಸಬೇಕು. ನೇರ ಕಣ್ಣಿಗೆ ಹೊಡೆಯದ ಹಾಗೆ ಪ್ರೊಜೆಕ್ಟರನ್ನು ಟ್ರ್ಯಾಕ್ಟರ್ ಟ್ರೇಲರ್ ಮೇಲೆ ಎತ್ತರಕ್ಕೆ ಇಟ್ಟು, ಬೆಳಕು ಅವರ ತಲೆಯ ಮೇಲಿಂದ ಹೋಗುವ ಹಾಗೆ ಮಾಡುತ್ತೇವೆ. ಶುರುವಿಗೆ ಮುಂಚೆ ಊದಿನಕಡ್ಡಿ ಹಚ್ಚಿ ಗಾಳಿ ಯಾವ ಕಡೆ ಅಂತ ನೋಡುತ್ತೇನೆ, ಬೂದಿ ಜನರ ಕಡೆ ಹೋಗಬಾರದು. ಗಾಳಿ ತಿರುಗಿದರೆ ಆ ದಿನ ಬೂದಿ ಕೊಡವುವುದಿಲ್ಲ, ನೆರಳಿಗೇ ಮುಗಿಸುತ್ತೇನೆ. ಪ್ರೊಜೆಕ್ಟರಿನ ಗಾಳಿ ಎಳೆಯುವ ಕಿಂಡಿಗೆ ಒದ್ದೆ ಬಟ್ಟೆ ಕಟ್ಟಬೇಡಿ, ಬಿಸಿ ಏರಿ ನಿಂತುಹೋಗುತ್ತದೆ, ದೂರ ಇಡೋದೊಂದೇ ದಾರಿ.

"ಜನಕ್ಕೆ ಇದೆಲ್ಲ ಅರ್ಥ ಆಗುತ್ತಾ?" ಅಂತ ಪಟ್ಟಣದ ಗೆಳೆಯರು ಕೇಳುತ್ತಾರೆ. ಕಣದಲ್ಲಿ ನನಗೆ ಆ ಪ್ರಶ್ನೆಯನ್ನು ಯಾರೂ ಕೇಳಿಲ್ಲ. ಒಬ್ಬ ಅಜ್ಜಿ ಮುಗಿದ ಮೇಲೆ ನನ್ನ ಕೈ ಹಿಡಿದು, "ಯವ್ವಾ, ಆ ದನ ಯಾ ಕಡಿ ಹ್ವಾದ್ವು?" ಅಂದಳು. "ಗುಡ್ಡದ ಕಡಿಗಿ, ಅಜ್ಜಿ" ಅಂದೆ. "ಹೂಂ, ನಮ್ಮ ದನಾನೂ ಅತ್ತಾಗ ಹೋಗ್ತಿದ್ವು, ಈಗ ಅಲ್ಲಿ ಬ್ಯಾಲಿ ಹಾಕ್ಯಾರ" ಅಂತ ಶುರು ಮಾಡಿ, ಗೋಮಾಳ ಎಲ್ಲಿತ್ತು, ಯಾವ ದಾರಿ ಮುಚ್ಚಿದರು ಅಂತ ರಾತ್ರಿ ಬಹಳ ಹೊತ್ತು ಹೇಳಿದಳು. ನನ್ನ ಕೆಲಸದ ಬಗ್ಗೆ ಅದಕ್ಕಿಂತ ಸರಿಯಾದ ಮಾತು ಇವತ್ತಿನವರೆಗೆ ಕೇಳಿಲ್ಲ.

ಒಂದು ಸಂಸ್ಥೆಗೆ ಧನಸಹಾಯಕ್ಕೆ ಅರ್ಜಿ ಹಾಕುವಾಗ ಚಿತ್ರಕಲೆ, ರಂಗಭೂಮಿ, ಚಲನಚಿತ್ರ ಇವುಗಳಲ್ಲಿ ಒಂದಕ್ಕೆ ಗುರುತು ಹಾಕಿ ಅಂದರು. ಮೂರಕ್ಕೂ ಹಾಕಿದೆ, ಅರ್ಜಿ ವಾಪಸ್ ಬಂತು. ನನಗೆ ಬೇಸರ ಆಗಿದ್ದು ಹಣಕ್ಕಲ್ಲ. ನಮ್ಮ ಜಿಲ್ಲೆಗಳಲ್ಲೇ ತೊಗಲು ಗೊಂಬೆಯಾಟ ಇದೆ. ಚರ್ಮ ಹದ ಮಾಡಿ ಅದರ ಮೇಲೆ ಬಣ್ಣ ಹಾಕುತ್ತಾರೆ, ಅದು ಚಿತ್ರ. ಪರದೆಯ ಹಿಂದೆ ಕೂತು ಹಾಡಿ, ಮಾತಾಡಿ, ಕುಣಿಸುತ್ತಾರೆ, ಅದು ನಾಟಕ. ಬೆಳಕಿನಲ್ಲಿ ಆಕಾರ ಚಲಿಸುತ್ತದೆ, ಸಿನಿಮಾ ಹುಟ್ಟುವುದಕ್ಕೆ ಎಷ್ಟೋ ಮುಂಚೆಯೇ. ಕೊಪ್ಪಳ ಜಿಲ್ಲೆಯ ಮೋರನಾಳದ ಭೀಮವ್ವ ಶಿಳ್ಳೇಕ್ಯಾತರ ಅವರಿಗೆ 2025ರಲ್ಲಿ ಪದ್ಮಶ್ರೀ ಬಂತು, ಆ ಅಜ್ಜಿಯ ಕೈಯಲ್ಲಿ ಈ ಮೂರು ಯಾವತ್ತಾದರೂ ಬೇರೆ ಬೇರೆ ಆಗಿದ್ದವಾ? ಅರ್ಜಿಯಲ್ಲಿ ನಾಲ್ಕನೆಯ ಒಂದು ಚೌಕ ಇರಲೇಬೇಕು ಅಂತ ಆ ಸಂಸ್ಥೆಗೆ ಪತ್ರ ಬರೆದಿದ್ದೇನೆ, ಮತ್ತೆ ಬರೆಯುತ್ತೇನೆ. ಬಾಡಿಗೆ ಪ್ರೊಜೆಕ್ಟರ್, ಜನರೇಟರ್‌ಗೆ ಡೀಸೆಲ್, ಆಕಳ ಮನೆಯವರಿಗೆ ಹಿಂಡಿ, ಕಲ್ಲು ಬಾರಿಸುವ ಹುಡುಗನಿಗೆ ಸಂಭಾವನೆ, ಇಷ್ಟೇ ಖರ್ಚು. ಶಾಲೆ ಮಕ್ಕಳಿಗೆ ಡ್ರಾಯಿಂಗ್ ಹೇಳಿಕೊಟ್ಟ ದುಡ್ಡಲ್ಲಿ ನಡೆಯುತ್ತಿದೆ.

ಇನ್ನೊಂದು, ಇಡೀ ಪ್ರದರ್ಶನವನ್ನು ವಿಡಿಯೋ ಮಾಡಿ ಹಾಕಿ ಅಂತ ಕೇಳುವವರಿಗೆ. ಗಾಜಿನ ಮೇಲೆ ಮಾಡಿದ ಸಿನಿಮಾ ಕೊಡುತ್ತೇನೆ, ಹೆಜ್ಜೆ ಮೂಡಿದ ಬಟ್ಟೆಗಳನ್ನು ಗೋಡೆಗೆ ತೂಗಿ ತೋರಿಸುತ್ತೇನೆ. ಬೂದಿ ಎದ್ದ ಕ್ಷಣ ಮಾತ್ರ ಫೋನಿನಲ್ಲಿ ಬರೀ ಬೂದು ಬಣ್ಣವಾಗಿ ಬರುತ್ತದೆ. ಅದಕ್ಕೆ ಕಣಕ್ಕೇ ಬನ್ನಿ.

ಈಗ ಭತ್ತದ ಹೊಟ್ಟಿನ ಬೂದಿ ಹಿಡಿದಿದ್ದೇನೆ. ಅದು ಕುಳ್ಳಿನ ಬೂದಿಗಿಂತ ಕಪ್ಪು, ಗಾಜಿನ ಮೇಲೆ ನೆರಳು ಇನ್ನೂ ಗಾಢವಾಗಿ ಬರುತ್ತಿದೆ. ಅದರಲ್ಲೂ ಸಿಲಿಕಾ ಇದೆ, ಹಾಗಾಗಿ ಗಾಜಿಗೆ ಮಾತ್ರ, ಗಾಳಿಗೆ ತೂರುವುದಿಲ್ಲ. ಗಂಗಾವತಿ, ಕಾರಟಗಿ, ಸಿಂಧನೂರು ಕಡೆ ರೈಸ್ ಮಿಲ್ ನಡೆಸುವವರು ಯಾರಾದರೂ ಇದ್ದರೆ, ಬಾಯ್ಲರಿನಿಂದ ತೆಗೆದ ಬೂದಿ ಮಳೆಗೆ ನೆನೆಯುವ ಮುಂಚೆ ಒಂದು ಚೀಲ ಎತ್ತಿಡಿ, ನಾನೇ ಬಂದು ಒಯ್ಯುತ್ತೇನೆ.